ಎನ್900ರಲ್ಲಿ ಕನ್ನಡ ಬರೀಲಿಕ್ಕೆ ಯಾವ ಓಎಸ್? ಎರಡನ್ನೂ ಹಾಕಿ ನೋಡಿದೆ

ಬದಿಯಡ್ಕದಲ್ಲಿ ಮಾವನ ಕಪಾಟಲ್ಲಿದ್ದ ನೋಕಿಯಾ ಎನ್900 ನನ್ನ ಕೈಗೆ ಬಂದು ಎರಡು ಮಳೆಗಾಲ ಆಯ್ತು. 2009ರ ಫೋನು, ಸ್ಕ್ರೀನ್ ಜಾರಿಸಿದ್ರೆ ಅಡಿಯಲ್ಲಿ ಮೂರು ಸಾಲಿನ ಕೀಬೋರ್ಡ್. ನಂಗೆ ಬೇಕಾದದ್ದು ಒಂದೇ, ಕೀ ಒತ್ತಿ ಕನ್ನಡ ಬರೀಬೇಕು. ಕಾಲ್ ಮಾಡ್ಲಿಕ್ಕೆ ಬೇರೆ ಫೋನುಂಟು, ಇದ್ರಲ್ಲಿ 4ಜಿ ಇಲ್ಲ.

ಮೇಮೋ ಲೆಸ್ಟೆ, ಪೋಸ್ಟ್‌ಮಾರ್ಕೆಟ್‌ಓಎಸ್ ಅಂತ ಹಳೇ ಫೋನಲ್ಲೂ ಓಡುವ ಎರಡು ಲಿನಕ್ಸ್ ಓಎಸ್ ಉಂಟು. ಎರಡನ್ನೂ ಮೆಮೊರಿ ಕಾರ್ಡಿಂದ್ಲೇ ಬೂಟ್ ಮಾಡಿದೆ, ಕಾರ್ಡಿಂದ ಓಎಸ್ ಏಳಿಸುವ ಯು-ಬೂಟ್ ಅನ್ನುವ ಸಣ್ಣ ಪ್ರೋಗ್ರಾಂ ಫ್ಲ್ಯಾಶ್ ಮಾಡಿದ್ರೆ ಸಾಕು, ಫೋನಿನ ಜೊತೆಗೇ ಬಂದ ಓಎಸ್ ಮೇಮೋ 5 ಒಳಗೆ ಹಾಗೇ ಉಳೀತದೆ. ಒಂದು ನೆನಪಿಟ್ಕೊಳ್ಳಿ, ಹಿಂದಿನ ಮುಚ್ಚಳ ತೆಗೆದದ್ದು ಫೋನಿಗೆ ಗೊತ್ತಾಗ್ತದೆ, ಅದು ಸರಿ ಕೂರದಿದ್ರೆ ಕಾರ್ಡೇ ಕಾಣುವುದಿಲ್ಲ, ನಾನು ಓಎಸ್ ಫೈಲೇ ಹಾಳಾಗಿದೆ ಅಂತ ಒಂದು ಇಡೀ ಸಂಜೆ ಕಾರ್ಡಿಗೆ ಮತ್ತೆ ಮತ್ತೆ ಬರೆದೆ.

ಲೆಸ್ಟೆ ಡೆವುವಾನ್ ಅನ್ನುವ ಲಿನಕ್ಸ್ ಮೇಲೆ ನಿಂತದ್ದು, ಸ್ಕ್ರೀನಲ್ಲಿ ಕಾಣುವ ಮುಖ ಮಾತ್ರ ಹಳೇ ಮೇಮೋದ ಹಿಲ್ಡನ್. ನೋಡ್ಲಿಕ್ಕೆ ಬಹಳ ಚಂದ, ಈ ಫೋನಿಗೇ ಹುಟ್ಟಿದ್ದು. ಆದ್ರೆ 256 ಎಂಬಿ ರ್ಯಾಮಲ್ಲಿ ಎರಡು ಆಪ್ ತೆರೆದ್ರೆ ಅಕ್ಷರ ಬೆರಳಿಗಿಂತ ಹಿಂದೆ ಬರ್ತದೆ.

ಪೋಸ್ಟ್‌ಮಾರ್ಕೆಟ್‌ಓಎಸ್ ಆಲ್ಪೈನ್ ಅನ್ನುವ ಸಣ್ಣ ಲಿನಕ್ಸ್ ಮೇಲಿನದ್ದು, ಹಗುರ. ದೊಡ್ಡ ಡೆಸ್ಕ್‌ಟಾಪ್ ಬೇಡ, ಕಿಟಕಿಗಳನ್ನು ಜೋಡಿಸುವ ಹಗುರ ಪ್ರೋಗ್ರಾಂ ಐ3 ಹಾಕಿ, ಎಲ್ಲ ಕೀಬೋರ್ಡಲ್ಲೇ ಆಗ್ತದೆ.

ಕನ್ನಡಕ್ಕೆ ಎರಡರಲ್ಲೂ ದಾರಿ ಒಂದೇ: ಕನ್ನಡ ಫಾಂಟ್ ಇನ್‌ಸ್ಟಾಲ್ ಮಾಡಿ, ಕೀಬೋರ್ಡ್ ಲೇಔಟ್ ಬದಲಿಸುವ ಕಮಾಂಡ್ ಸೆಟ್‌ಎಕ್ಸ್‌ಕೆಬಿಮ್ಯಾಪಲ್ಲಿ ಕಗಪ ಲೇಔಟ್ ಕೊಡಿ. ನಮ್ಮ ಕಿನ್ನಿಕಂಬಳದ ಕೆ.ಪಿ. ರಾವ್ ರೂಪಿಸಿದ ಲೇಔಟ್ ಅದು, ಈ ಸಣ್ಣ ಕೀಬೋರ್ಡಿಗೆ ಹೇಳಿ ಮಾಡಿಸಿದ ಹಾಗೆ ಕೂರ್ತದೆ. ಬದಿಯಡ್ಕ ಅಂತ ಬರೀಲಿಕ್ಕೆ ಬಿ, ಡಿ, ಐ, ವೈ, ಡಬ್ಲ್ಯು, ಎಫ್, ಕೆ, ಏಳೇ ಕೀ, ಶಿಫ್ಟ್ ಮುಟ್ಟುವುದೇ ಬೇಡ, ಡಬ್ಲ್ಯು ಅಂದ್ರೆ ಡ, ಎಫ್ ಅಂದ್ರೆ ಅರ್ಧಾಕ್ಷರ. ಅಂಕಿಗೆ ಮಾತ್ರ ಇಂಗ್ಲಿಷ್ ಲೇಔಟಿಗೆ ವಾಪಸ್ ಬರಬೇಕು, ಅಡಿಕೆ ಕೊಯ್ಲಿನ ಕೂಲಿ ಲೆಕ್ಕ ಬರೆಯುವಾಗ ಅದೇ ಕಿರಿಕಿರಿ. ಮತ್ತೆ ಕಮಾಂಡ್ ಕೊಡುವ ಟರ್ಮಿನಲಲ್ಲಿ ಬರೀಬೇಡಿ, ಅಲ್ಲಿ ಒತ್ತಕ್ಷರ ಕೆಳಗೆ ಕೂರುವುದಿಲ್ಲ, ಬಿಡಿಬಿಡಿಯಾಗಿ ನಿಲ್ತದೆ. ಮೌಸ್‌ಪ್ಯಾಡ್ ತರದ ಎಡಿಟರ್ ಹಾಕಿದ ಮೇಲೆ ಸರಿಯಾಯ್ತು, ಐ3ರಲ್ಲಿ ಅದು ತಡೆ ಇಲ್ಲದೆ ಓಡ್ತದೆ.

ಮನಸ್ಸು ಲೆಸ್ಟೆ ಕಡೆಗೇ ಇತ್ತು, ಆದ್ರೆ ದಿನಾ ಬರೀಲಿಕ್ಕೆ ಪೋಸ್ಟ್‌ಮಾರ್ಕೆಟ್‌ಓಎಸ್ ಕಾರ್ಡೇ ಫೋನಲ್ಲಿ ಉಳಿದದ್ದು. ಲೆಸ್ಟೆ ಕಾರ್ಡ್ ತೆಗೆದಿಟ್ಟಿದ್ದೇನೆ, 1 ಜಿಬಿ ರ್ಯಾಮಿನ ಮೋಟೊರೋಲಾ ಡ್ರಾಯ್ಡ್ 4 ಎಲ್ಲಿಯಾದ್ರೂ ಸಿಕ್ಕಿದ್ರೆ ಮೊದಲು ಹಾಕುವುದು ಲೆಸ್ಟೆಯನ್ನೇ. ಯಾರ ಹತ್ರವಾದ್ರೂ ಉಂಟಾದ್ರೆ ಹೇಳಿ.