ವಿಂಡೋಸ್ 11 ರಿಟೇಲ್ ಲೈಸೆನ್ಸ್: ಕೊಳ್ಳುವ ಮುನ್ನ, ಕೊಂಡ ಮೇಲೆ

ವಿಂಡೋಸ್ ಸಮೇತ ಬಂದ ಲ್ಯಾಪ್‌ಟಾಪ್ ಆಗಿದ್ದರೆ ರಿಟೇಲ್ ಲೈಸೆನ್ಸ್, ಅಂದರೆ ಬಿಡಿಯಾಗಿ ಮಾರುವ ವಿಂಡೋಸ್ ಪರವಾನಗಿ, ಕೊಳ್ಳಲೇಬೇಡಿ. ಅದರ ಕೀ (ವಿಂಡೋಸ್ ಆ್ಯಕ್ಟಿವೇಟ್ ಮಾಡುವ ಕೋಡ್) ಮದರ್‌ಬೋರ್ಡ್‌ನಲ್ಲೇ ಕೂತಿರುತ್ತದೆ. ಫಾರ್ಮ್ಯಾಟ್ ಮಾಡಿ ಅದೇ ಎಡಿಷನ್ ಹಾಕಿ ನೆಟ್‌ಗೆ ಜೋಡಿಸಿದರೆ ತಾನಾಗಿ ಆ್ಯಕ್ಟಿವೇಟ್ ಆಗುತ್ತದೆ. ರಿಟೇಲ್ ಲೈಸೆನ್ಸ್ ಬೇಕಾಗುವುದು ಬಿಡಿಭಾಗ ಜೋಡಿಸಿ ಕಟ್ಟಿದ ಪಿಸಿಗೆ.

ಮೈಕ್ರೋಸಾಫ್ಟ್ ತಾಣದ ಮೀಡಿಯಾ ಕ್ರಿಯೇಶನ್ ಟೂಲ್‌ನಿಂದ 8 ಜಿಬಿ ಪೆನ್‌ಡ್ರೈವ್ ಸಿದ್ಧಮಾಡಿಕೊಳ್ಳಿ. ಇನ್‌ಸ್ಟಾಲ್ ಆಗುವಾಗ ಹೋಮ್ ಅಥವಾ ಪ್ರೊ ಆರಿಸುವ ಪರದೆಯಲ್ಲಿ ಎಡವುವವರೇ ಹೆಚ್ಚು: ಪ್ರೊ ಹಾಕಿಕೊಂಡು ಹೋಮ್ ಕೀ ಕೊಟ್ಟರೆ ಅದು ಒಪ್ಪುವುದಿಲ್ಲ. ಆಮೇಲೆ ಸೆಟ್ಟಿಂಗ್ಸ್, ಸಿಸ್ಟಮ್, ಆ್ಯಕ್ಟಿವೇಶನ್‌ಗೆ ಹೋಗಿ 'ಚೇಂಜ್ ಪ್ರಾಡಕ್ಟ್ ಕೀ' ಒತ್ತಿ 25 ಅಕ್ಷರ ತುಂಬಿದರೆ ಮುಗಿಯಿತು. ಈ ಭಾಗಕ್ಕೆ ಪೂರ್ತಿ ಅಂಕ.

ಬೆಲೆ ಮಾತ್ರ ಹೊರೆಯೇ. ಅದಕ್ಕೇ ಜನ ಚಿಲ್ಲರೆ ಕಾಸಿನ 'ಜೆನ್ಯೂನ್' ಕೀಗಳ ಕಡೆ ವಾಲುತ್ತಾರೆ. ಅವೂ ಆ್ಯಕ್ಟಿವೇಟ್ ಆಗುತ್ತವೆ, ಮೋಸ ಇರುವುದೇ ಅಲ್ಲಿ. ಕಮಾಂಡ್ ಪ್ರಾಂಪ್ಟ್‌ನಲ್ಲಿ 'ಎಸ್‌ಎಲ್‌ಎಂಜಿಆರ್ /ಡಿಎಲ್‌ಐ' (slmgr /dli) ಎಂದು ಕೊಟ್ಟರೆ ಪುಟ್ಟ ಕಿಟಕಿ ತೆರೆಯುತ್ತದೆ. ಅದರ ಡಿಸ್ಕ್ರಿಪ್ಶನ್ ಸಾಲಿನಲ್ಲಿ 'ರಿಟೇಲ್ ಚಾನೆಲ್' ಎಂದಿರಬೇಕು. 'ವಾಲ್ಯೂಮ್ ಎಂಎಕೆ' ಎಂದಿದ್ದರೆ ಅದು ಯಾವುದೋ ಸಂಸ್ಥೆಗೆ ಕೊಟ್ಟ, ಇಂತಿಷ್ಟೇ ಸಲ ಬಳಸಬಹುದಾದ ಕೀ. ಸೋರಿಕೆ ಗೊತ್ತಾಗಿ ಬ್ಲಾಕ್ ಆದರೆ ಮುಂದಿನ ಇನ್‌ಸ್ಟಾಲ್‌ಗೆ ಅದು ಬರುವುದಿಲ್ಲ, ಮಾರಿದವನೂ ಸಿಗುವುದಿಲ್ಲ. 'ಕೆಎಂಎಸ್ ಕ್ಲೈಂಟ್' ಎಂದಿದ್ದರೆ ಆಯುಸ್ಸು 180 ದಿನ. ಕಚೇರಿಗಳಲ್ಲಿ ಅಲ್ಲಿನ ಸರ್ವರ್ ಅದನ್ನು ನವೀಕರಿಸುತ್ತಿರುತ್ತದೆ. ಲೈಸೆನ್ಸ್ ಇಲ್ಲದೆ ಆ್ಯಕ್ಟಿವೇಟ್ ಮಾಡುವ ಕ್ರ್ಯಾಕ್ ಟೂಲ್‌ಗಳು ಆ ಸರ್ವರ್‌ನ ವೇಷ ಹಾಕುತ್ತವೆ. ಹಾಕುವ ಮೊದಲು ಆ್ಯಂಟಿವೈರಸ್ ಆಫ್ ಮಾಡಿ ಎನ್ನುತ್ತವೆ. ಕಳ್ಳನೇ ನಾಯಿ ಕಟ್ಟಿಹಾಕಿ ಎಂದಂತೆ!

ಅಸಲಿ ಲೈಸೆನ್ಸ್‌ಗೂ ಒಂದು ಕೊರತೆಯಿದೆ. ಮದರ್‌ಬೋರ್ಡ್ ಬದಲಾದರೆ ಆ್ಯಕ್ಟಿವೇಶನ್ ಕಳಚಿಕೊಳ್ಳುತ್ತದೆ. ಮೊದಲೇ ಮೈಕ್ರೋಸಾಫ್ಟ್ ಅಕೌಂಟ್‌ಗೆ ಜೋಡಿಸಿದ್ದರೆ ಟ್ರಬಲ್‌ಶೂಟರ್‌ನಲ್ಲಿ 'ಹಾರ್ಡ್‌ವೇರ್ ಬದಲಿಸಿದ್ದೇನೆ' ಎಂಬುದನ್ನು ಆರಿಸಿ ಮರಳಿ ಪಡೆಯಬಹುದು. ಬೋರ್ಡ್ ಕೆಟ್ಟ ಮೇಲೆ ಜೋಡಿಸಲು ಹೊರಟರೆ ತಡವಾಯಿತು. ಹೊಸ ಪಿಸಿಗೆ ಸಾಗಿಸುವುದಾದರೆ ಹಳೆಯದರಲ್ಲಿ ಅಡ್ಮಿನ್ ಆಗಿ 'ಎಸ್‌ಎಲ್‌ಎಂಜಿಆರ್ /ಯುಪಿಕೆ' (slmgr /upk) ಕೊಟ್ಟು ಕೀ ತೆಗೆಯಿರಿ. ಲ್ಯಾಪ್‌ಟಾಪ್ ಜೊತೆ ಬಂದ ಓಇಎಂ ಲೈಸೆನ್ಸ್‌ಗೆ ಈ ಸೌಲಭ್ಯವಿಲ್ಲ. ಅದು ಆ ಯಂತ್ರದ ಜೊತೆಗೇ ಮುಗಿಯುತ್ತದೆ.