ಸ್ಟೀಮ್ ಓವರ್‌ಲೇ: ಯಾವ ಆಟಕ್ಕೆ ಆಫ್ ಮಾಡಿದೆ, ಯಾವ ಆಟಕ್ಕೆ ಉಳಿಸಿಕೊಂಡೆ

ಕಂಪ್ಯೂಟರ್ ಆಟಗಳನ್ನು ಕೊಂಡು ಆಡುವ ಸ್ಟೀಮ್‌ನಲ್ಲಿ ನಾನು ಖಾತೆ ತೆರೆದದ್ದು 2016ರಲ್ಲಿ. ಅದರ ಹಿಂದಿನ ನವೆಂಬರ್‌ನಲ್ಲಿ ಸ್ಟೀಮ್ ಅಂಗಡಿಗೆ ರೂಪಾಯಿ ಬೆಲೆ ಬಂದಿತ್ತು. ಡಾಲರ್ ಲೆಕ್ಕ ಹಾಕುವ ತಲೆನೋವು ತಪ್ಪಿದ ಮೇಲೆಯೇ ನಾನು ಆ ಕಡೆ ತಿರುಗಿದ್ದು. ಅವತ್ತಿನಿಂದ ದಾವಣಗೆರೆಯ ನಮ್ಮ ಮನೆಯ ಕಂಪ್ಯೂಟರಿನಲ್ಲಿ ಸ್ಟೀಮ್ ಇದ್ದೇ ಇದೆ.

ಇಡೀ ಸ್ಟೀಮ್ ಬಗ್ಗೆ ಇಲ್ಲಿ ಬರೆಯುತ್ತಿಲ್ಲ. ಅದರ ಒಂದೇ ಭಾಗದ ಬಗ್ಗೆ ಬರೆಯುತ್ತೇನೆ. ಆಟದ ನಡುವೆ ಶಿಫ್ಟ್ ಮತ್ತು ಟ್ಯಾಬ್ ಒಟ್ಟಿಗೆ ಒತ್ತಿದರೆ ಆಟದ ಮೇಲೇ ಸ್ಟೀಮ್‌ನ ಕಿಟಕಿಗಳು ತೆರೆದುಕೊಳ್ಳುತ್ತವಲ್ಲ, ಆ ಓವರ್‌ಲೇ. ಅದನ್ನು ಆಫ್ ಮಾಡಿದರೆ ಆಟ ಚೆನ್ನಾಗಿ ಓಡುತ್ತದಾ ಅಂತ ಗೆಳೆಯರು ಕೇಳುತ್ತಲೇ ಇರುತ್ತಾರೆ. ಎರಡು ವರ್ಷ ಆನ್-ಆಫ್ ಮಾಡಿ ನೋಡಿದ ಮೇಲೆ ನನ್ನ ಹತ್ತಿರ ಒಂದು ಉತ್ತರ ಇದೆ.

ಮೊದಲು ನನ್ನ ಕಂಪ್ಯೂಟರ್ ಎಂಥದ್ದು ಅಂತ ಹೇಳಿಬಿಡುತ್ತೇನೆ, ಯಾಕೆಂದರೆ ಉತ್ತರ ಅದರ ಮೇಲೆ ನಿಂತಿದೆ. ಹಳೆಯ ಐ5 ಪ್ರೊಸೆಸರ್, 8 ಜಿಬಿ ರ‍್ಯಾಮ್, 4 ಜಿಬಿಯ ಜಿಟಿಎಕ್ಸ್ 1650 ಗ್ರಾಫಿಕ್ಸ್ ಕಾರ್ಡು. ಹೊಸ ಮೆಷಿನ್ ಇದ್ದವರಿಗೆ ನಾನು ಹೇಳುವ ಕೆಲವು ತೊಂದರೆ ಕಾಣಿಸದೇ ಇರಬಹುದು.

2023ರ ಸೆಪ್ಟೆಂಬರ್‌ನಲ್ಲಿ ಕೌಂಟರ್-ಸ್ಟ್ರೈಕ್ 2 (ಸಿಎಸ್ 2) ಬಂತು, ಎರಡು ತಂಡ ಗುಂಡು ಹಾರಿಸಿ ಕಾದಾಡುವ ಆಟ. ಅದೇ ಆಟದ ಹಳೆಯ ರೂಪ ಸಿಎಸ್:ಗೋ ಜಾಗದಲ್ಲಿ ಇದು ಕೂತಿತು. ಹಳೆಯದು ನನ್ನ ಮೆಷಿನ್ನಿನಲ್ಲಿ ಸಲೀಸಾಗಿ ಓಡುತ್ತಿತ್ತು. ಹೊಸದು ಜಾಸ್ತಿ ಕೇಳುತ್ತದೆ. ಅದು ಗೊತ್ತಿದ್ದೇ ಗ್ರಾಫಿಕ್ಸ್ ಎಲ್ಲ ಕಡಿಮೆ ಮಾಡಿಕೊಂಡೆ. ಎಫ್‌ಪಿಎಸ್, ಅಂದರೆ ಸೆಕೆಂಡಿಗೆ ಎಷ್ಟು ಚಿತ್ರ ಅನ್ನುವ ಲೆಕ್ಕ, ನೋಡಿದರೆ ಚೆನ್ನಾಗಿಯೇ ಇತ್ತು. ಆದರೂ ಆಟ ಗಕ್ಕನೆ ನಿಂತು, ಮತ್ತೆ ಮುಂದೆ ಹಾರುತ್ತಿತ್ತು. ಒಂದು ರಾತ್ರಿಯದ್ದು ಇನ್ನೂ ಕಣ್ಣ ಮುಂದಿದೆ. ಮಿರಾಜ್ ಮ್ಯಾಪು. ನಮ್ಮ ಕಡೆ ಉಳಿದವನು ನಾನೊಬ್ಬ, ಆ ಕಡೆಯೂ ಒಬ್ಬನೇ. ಹೊಗೆ ಕರಗುತ್ತಾ ಬಂತು. ಅವನ ಭುಜ ಕಾಣಿಸಿತು. ಅದೇ ಕ್ಷಣಕ್ಕೆ ಪರದೆಯ ಮೂಲೆಯಲ್ಲಿ ಗೆಳೆಯನ ಪುಟ್ಟ ಫೋಟೋ ಮೂಡಿತು, ಚಿತ್ರ ನಿಂತಿತು. ಮತ್ತೆ ಚಲಿಸುವಷ್ಟರಲ್ಲಿ ನಾನು ಸತ್ತಿದ್ದೆ.

ಇಲ್ಲಿ ಸರಾಸರಿ ಎಫ್‌ಪಿಎಸ್ ನಮಗೆ ಮೋಸ ಮಾಡುತ್ತದೆ. ಸೆಕೆಂಡಿಗೆ 60 ಚಿತ್ರ ಬರಬೇಕಾದರೆ ಒಂದೊಂದು ಚಿತ್ರಕ್ಕೆ ಸಿಗುವುದು 16.7 ಮಿಲಿಸೆಕೆಂಡ್. ಐವತ್ತೊಂಬತ್ತು ಚಿತ್ರ ಸರಿಯಾಗಿ ಬಂದು, ಒಂದೇ ಒಂದು ಚಿತ್ರ 70 ಮಿಲಿಸೆಕೆಂಡ್ ತೆಗೆದುಕೊಂಡರೆ ಸರಾಸರಿಯಲ್ಲಿ ಅದು ಗೊತ್ತೇ ಆಗುವುದಿಲ್ಲ. ಕಣ್ಣಿಗೆ ಮಾತ್ರ ಚೆನ್ನಾಗಿ ಗೊತ್ತಾಗುತ್ತದೆ.

ಓವರ್‌ಲೇ ಕೆಲಸ ಮಾಡುವ ರೀತಿ ತಿಳಿದರೆ ಇದು ಯಾಕೆ ಆಗುತ್ತದೆ ಅಂತ ಅರ್ಥವಾಗುತ್ತದೆ. ಆಟ ಶುರುವಾಗುವಾಗ ಸ್ಟೀಮ್ ತನ್ನದೊಂದು ಫೈಲನ್ನು ಆಟದ ಒಳಗೇ ಸೇರಿಸುತ್ತದೆ. ಹೆಸರು ಗೇಮ್‌ಓವರ್‌ಲೇರೆಂಡರರ್64.ಡಿಎಲ್‌ಎಲ್. ಆಟ ಒಂದು ಚಿತ್ರ ಬಿಡಿಸಿ ಮುಗಿಸಿ, ‘ಇದನ್ನು ಪರದೆಗೆ ಹಾಕು’ ಅಂತ ಗ್ರಾಫಿಕ್ಸ್ ಕೆಲಸ ನೋಡಿಕೊಳ್ಳುವ ಡೈರೆಕ್ಟ್‌ಎಕ್ಸ್‌ಗೋ ವಲ್ಕನ್‌ಗೋ ಹೇಳುವ ಹೊತ್ತಿಗೆ ಈ ಫೈಲು ನಡುವೆ ನಿಲ್ಲುತ್ತದೆ. ತನ್ನ ಕಿಟಕಿ, ಸೂಚನೆ, ಎಫ್‌ಪಿಎಸ್ ಅಂಕಿ ಏನಿದ್ದರೂ ಆ ಚಿತ್ರದ ಮೇಲೆ ಬರೆದು ಮುಂದೆ ಕಳಿಸುತ್ತದೆ. ಮದುವೆ ಊಟದ ಪಂಕ್ತಿ ನೆನಪಿಸಿಕೊಳ್ಳಿ. ಅಡುಗೆಮನೆಯಿಂದ ಎಲೆಗೆ ಹೋಗುವ ಪಾತ್ರೆಯನ್ನು ಬಾಗಿಲಲ್ಲಿ ಒಬ್ಬ ತಡೆದು ಒಂದು ಚಮಚ ತುಪ್ಪ ಹಾಕಿ ಕಳಿಸಿದರೆ ಯಾರಿಗೂ ತಡವಾಗುವುದಿಲ್ಲ. ಅದೇ ಬಾಗಿಲಲ್ಲಿ ಮೂರು ಜನ ನಿಂತು ಒಬ್ಬರ ಮೇಲೊಬ್ಬರು ಕೈ ಹಾಕಿದರೆ?

ನನ್ನ ಬಾಗಿಲಲ್ಲಿ ಮೂವರಿದ್ದರು. ಅದು ಆಗ ನನಗೆ ಗೊತ್ತಿರಲಿಲ್ಲ. ಓವರ್‌ಲೇ ಅಂದರೆ ಸ್ಟೀಮ್‌ನದ್ದೊಂದೇ ಅಂದುಕೊಂಡಿದ್ದೆ.

ಹಾಗಾಗಿ ಎಲ್ಲರೂ ಮಾಡುವುದನ್ನೇ ನಾನೂ ಮಾಡಿದೆ. ಸ್ಟೀಮ್ ಸೆಟ್ಟಿಂಗ್ಸ್ ತೆರೆದು, ಎಡಗಡೆ ‘ಇನ್ ಗೇಮ್’ ಒತ್ತಿ, ಮೇಲೇ ಇರುವ ‘ಎನೇಬಲ್ ದ ಸ್ಟೀಮ್ ಓವರ್‌ಲೇ ವೈಲ್ ಇನ್-ಗೇಮ್’ ಅನ್ನುವ ಸ್ವಿಚ್ ಆಫ್ ಮಾಡಿದೆ. ಸ್ಟೀಮ್‌ನಲ್ಲಿ ಕನ್ನಡ ಇಲ್ಲದ ಕಾರಣ ಹೆಸರುಗಳನ್ನು ಅಲ್ಲಿ ಕಾಣುವ ಹಾಗೇ ಬರೆಯುತ್ತಿದ್ದೇನೆ. ಆ ಒಂದು ಸ್ವಿಚ್‌ನಿಂದ ಎಲ್ಲ ಆಟಗಳಿಗೂ ಓವರ್‌ಲೇ ಹೋಗುತ್ತದೆ. ಸಿಎಸ್ 2 ಸ್ವಲ್ಪ ಹಗುರ ಆದ ಹಾಗೆ ಅನಿಸಿತು. ಗಕ್ಕನೆ ನಿಲ್ಲುವುದು ಮಾತ್ರ ಪೂರ್ತಿ ಹೋಗಲಿಲ್ಲ.

ಎರಡು ವಾರ ಹೀಗೇ ಕಳೆಯಿತು. ನಾನೂ ನನ್ನ ತಂಗಿಯೂ ಶನಿವಾರ ರಾತ್ರಿ ಸ್ಟಾರ್‌ಡ್ಯೂ ವ್ಯಾಲಿ ಅನ್ನುವ ತೋಟ ಮಾಡುವ ಆಟ ಆಡುತ್ತೇವೆ. ಅವಳಿರುವುದು ಪುಣೆಯಲ್ಲಿ. 2018ರಲ್ಲಿ ಆ ಆಟಕ್ಕೆ ಜೊತೆಯಾಗಿ ಆಡುವ ಸೌಲಭ್ಯ ಬಂದಿತ್ತು. ಅವಳು ಕೆಲಸಕ್ಕೆ ಅಂತ ಊರು ಬಿಟ್ಟ ಮೇಲೆ ನಾವಿಬ್ಬರೂ ಒಟ್ಟಿಗೆ ಕೂರುವುದು ಆ ತೋಟದಲ್ಲೇ. ತೋಟ ನನ್ನ ಕಂಪ್ಯೂಟರಿನಲ್ಲಿದೆ, ಅವಳನ್ನು ಕರೆಯಬೇಕಾದವನು ನಾನು. ಆ ಶನಿವಾರ ಆಟದ ಒಳಗೆ ಸ್ನೇಹಿತರನ್ನು ಕರೆಯುವ ಬಟನ್ ಒತ್ತಿದೆ. ಏನೂ ಆಗಲಿಲ್ಲ. ಮತ್ತೆ ಒತ್ತಿದೆ.

ಫೋನ್ ಬಂತು. ‘ಅಣ್ಣಾ, ಇನ್ನೂ ಕರೆದಿಲ್ವಾ? ನಾನು ಕಾಯ್ತಾ ಕೂತಿದ್ದೀನಿ.’

‘ಕರೆದೆ ಕಣೇ, ಎರಡು ಸಲ ಒತ್ತಿದೆ.’

‘ಇಲ್ಲಿ ಏನೂ ಬಂದಿಲ್ಲ ನೋಡು.’

ಅರ್ಧ ಗಂಟೆ ನೆಟ್ ಸರಿಯಿಲ್ಲ ಅಂತ ರೂಟರ್ ಆಫ್ ಆನ್ ಮಾಡಿದೆವು. ಆಮೇಲೆ ಹೊಳೆಯಿತು. ಆ ಬಟನ್ ಒತ್ತಿದಾಗ ತೆರೆದುಕೊಳ್ಳಬೇಕಾದ ಗೆಳೆಯರ ಪಟ್ಟಿ ಸ್ಟೀಮ್ ಓವರ್‌ಲೇನದ್ದು. ಅದನ್ನೇ ನಾನು ಮುಚ್ಚಿದ್ದೆ. ಆ ಆಟದಲ್ಲಿ ಕೋಡ್ ಕೊಟ್ಟು ಕರೆಯುವ ದಾರಿಯೂ ಇದೆ, ಅವತ್ತು ಹಾಗೆಯೇ ಕರೆದೆ. ಆದರೆ ಎಲ್ಲ ಆಟದಲ್ಲೂ ಕೋಡ್ ಇರುವುದಿಲ್ಲ ಅಲ್ವಾ?

ಆಗ ನೋಡಿದರೆ ಕಳೆದುಕೊಂಡದ್ದು ಇನ್ನೂ ಇತ್ತು. ಎಫ್12 ಒತ್ತಿದರೆ ಸ್ಕ್ರೀನ್‌ಶಾಟ್ ಬರುವುದಿಲ್ಲ. ಸ್ಟೀಮ್‌ನ ಎಫ್‌ಪಿಎಸ್ ಅಂಕಿ ಕಾಣುವುದಿಲ್ಲ. ಆಟದ ಒಳಗೆ ಏನಾದರೂ ಕೊಂಡರೆ ಹಣಕ್ಕೆ ಒಪ್ಪಿಗೆ ಕೇಳುವ ಕಿಟಕಿಯೂ ಓವರ್‌ಲೇನಲ್ಲೇ ಬರುತ್ತದೆ, ಅದಿಲ್ಲದೆ ಖರೀದಿ ಅಲ್ಲೇ ಸಿಕ್ಕಿಕೊಳ್ಳಬಹುದು. ಸ್ಟೀಮ್ ಇನ್‌ಪುಟ್ ಮೂಲಕ ಕಂಟ್ರೋಲರ್ ಬಳಸುವವರು ಇನ್ನೂ ಹುಷಾರಾಗಿರಬೇಕು. ಬಟನ್‌ಗಳನ್ನು ನಿಮ್ಮ ಇಷ್ಟದಂತೆ ಬದಲಿಸಿಕೊಂಡಿದ್ದರೆ, ಓವರ್‌ಲೇ ಹೋದ ಮೇಲೆ ಕೆಲವು ಆಟಗಳಲ್ಲಿ ಅದು ಕೆಲಸ ಮಾಡುವುದಿಲ್ಲ. ಎಲ್ಲ ಆಟಕ್ಕೂ ಒಟ್ಟಿಗೆ ಓವರ್‌ಲೇ ತೆಗೆಯುವುದು ನೆಗಡಿ ಬಂತೆಂದು ಮೂಗು ಕೊಯ್ದುಕೊಂಡ ಹಾಗೆ ಅಂತ ನಾನು ಗಟ್ಟಿಯಾಗಿ ಹೇಳುವುದು ಇದಕ್ಕೇ.

ಮರುದಿನ ಭಾನುವಾರ ಪೂರ್ತಿ ಕೂತು ಒಂದೊಂದಾಗಿ ಪರೀಕ್ಷೆ ಮಾಡಿದೆ. ಅಳೆಯುವುದಕ್ಕೆ ಬೇರೆ ಸಾಫ್ಟ್‌ವೇರ್ ಹಾಕಲಿಲ್ಲ, ಯಾಕೆಂದರೆ ರಿವಾಟ್ಯೂನರ್‌ನಂಥ ಅಳೆಯುವ ಸಾಧನವೂ ಒಂದು ಓವರ್‌ಲೇಯೇ. ಅದೂ ಅದೇ ಬಾಗಿಲಲ್ಲಿ ನಿಲ್ಲುತ್ತದೆ. ಸಿಎಸ್ 2ರ ಸೆಟ್ಟಿಂಗ್ಸ್‌ನಲ್ಲೇ ಟೆಲಿಮೆಟ್ರಿ ಅಂತ ಇದೆ, ಒಂದೊಂದು ಚಿತ್ರಕ್ಕೆ ಎಷ್ಟು ಸಮಯ ಹಿಡಿಯಿತು ಅಂತ ಆಟವೇ ತೋರಿಸುತ್ತದೆ. ಅದನ್ನು ಆನ್ ಮಾಡಿಕೊಂಡೆ. ಒಂದೇ ಮ್ಯಾಪು, ಕಂಪ್ಯೂಟರೇ ಆಡಿಸುವ ಬಾಟ್‌ಗಳ ಜೊತೆ, ಪ್ರತಿ ಸಲ ಹತ್ತು ನಿಮಿಷ.

ಸ್ಟೀಮ್ ಓವರ್‌ಲೇ ಒಂದೇ ಇದ್ದಾಗ ಆಟ ಸಮವಾಗಿ ಓಡಿತು. ಗ್ರಾಫಿಕ್ಸ್ ಕಾರ್ಡಿನ ರೆಕಾರ್ಡಿಂಗ್ ಓವರ್‌ಲೇ ಸೇರಿದಾಗ ಅಲ್ಲೊಂದು ಇಲ್ಲೊಂದು ಏರಿಳಿತ ಕಂಡಿತು. ಗೆಳೆಯರ ಜೊತೆ ಮಾತಾಡಲು ಬಳಸುತ್ತಿದ್ದ ಚಾಟ್ ಆ್ಯಪಿನ ಓವರ್‌ಲೇಯೂ ಸೇರಿದ ಕೂಡಲೇ ಅಂಕಿ ಎಗರಾಡತೊಡಗಿತು. ಯಾರಾದರೂ ಮಾತಾಡಲು ಶುರುಮಾಡಿದರೆ ಫೋಟೋ ಮೂಡುತ್ತಿತ್ತು, ಚಿತ್ರ ನಿಲ್ಲುತ್ತಿತ್ತು. ಮಿರಾಜ್‌ನಲ್ಲಿ ನನ್ನನ್ನು ಕೊಂದದ್ದು ಅದೇ. ಯಾವ ಆ್ಯಪು ಅನ್ನುವುದು ಇಲ್ಲಿ ಮುಖ್ಯ ಅಲ್ಲ. ಒಂದು ಆಟದ ಮೇಲೆ ಎಷ್ಟು ಓವರ್‌ಲೇ ಕೂತಿವೆ ಅನ್ನುವುದು ಮುಖ್ಯ. ಆ ಆ್ಯಪಿನಲ್ಲಿ ಓವರ್‌ಲೇ ಮಾತ್ರ ಆಫ್ ಮಾಡಿದೆ. ಮಾತುಕತೆ ಮೊದಲಿನ ಹಾಗೇ ನಡೆಯುತ್ತದೆ, ಧ್ವನಿಗೆ ಓವರ್‌ಲೇ ಬೇಕಾಗಿಲ್ಲ.

ನಿಮ್ಮ ಮೆಷಿನ್ನಿನಲ್ಲಿ ಎಷ್ಟಿವೆ ಅಂತ ಎಣಿಸಿ ನೋಡಿ, ಆಶ್ಚರ್ಯ ಆಗುತ್ತದೆ. ಆಟದ ನಡುವೆ ವಿಂಡೋಸ್ ಕೀ ಮತ್ತು ಜಿ ಒತ್ತಿದರೆ ಮೈಕ್ರೋಸಾಫ್ಟ್‌ನ ಗೇಮ್ ಬಾರ್ ಬರುತ್ತದೆ. ಆಲ್ಟ್ ಮತ್ತು ಝಡ್ ಒತ್ತಿದರೆ ಎನ್‌ವಿಡಿಯಾದ್ದು. ಎಪಿಕ್ ಅಂಗಡಿಯ ಆಟಗಳಲ್ಲಿ ಶಿಫ್ಟ್ ಮತ್ತು ಎಫ್3. ಚಾಟ್ ಆ್ಯಪುಗಳಲ್ಲಿ ಸೆಟ್ಟಿಂಗ್ಸ್ ಒಳಗೆ ಹುಡುಕಬೇಕು. ಬಳಸದೇ ಇರುವುದನ್ನೆಲ್ಲ ಸುಮ್ನೆ ಆಫ್ ಮಾಡಿ. ಸ್ಟೀಮ್‌ನದ್ದನ್ನು ಕೊನೆಗೆ ಮುಟ್ಟಿ.

ಸ್ಟೀಮ್‌ನದ್ದನ್ನು ಒಂದೇ ಆಟಕ್ಕೆ ತೆಗೆಯುವ ದಾರಿ ಇದೆ ಅಂತ ತುಂಬಾ ಜನಕ್ಕೆ ಗೊತ್ತಿಲ್ಲ. ಲೈಬ್ರರಿಯಲ್ಲಿ ಆ ಆಟದ ಹೆಸರಿನ ಮೇಲೆ ಮೌಸ್‌ನ ಬಲ ಬಟನ್ ಒತ್ತಿ, ‘ಪ್ರಾಪರ್ಟೀಸ್’ಗೆ ಹೋಗಿ. ಮೊದಲ ಪುಟ ‘ಜನರಲ್’ನಲ್ಲೇ ಅದೇ ಓವರ್‌ಲೇ ಸ್ವಿಚ್ ಇರುತ್ತದೆ. ಆಟ ಓಡುತ್ತಿದ್ದರೆ ಮುಚ್ಚಿ ಮತ್ತೆ ತೆರೆಯಿರಿ, ಯಾಕೆಂದರೆ ಆ ಫೈಲು ಸೇರಿಕೊಳ್ಳುವುದು ಆಟ ಶುರುವಾಗುವಾಗ. ಶಿಫ್ಟ್-ಟ್ಯಾಬ್ ಒತ್ತಿ ನೋಡಿ. ಏನೂ ಬರದಿದ್ದರೆ ಆಯಿತು.

ಈಗ ಸಿಎಸ್ 2ಗೆ ಮಾತ್ರ ನಾನು ಹೀಗೆ ಆಫ್ ಮಾಡಿದ್ದೇನೆ. ಅದಕ್ಕೆ ವೇಗಕ್ಕಿಂತ ದೊಡ್ಡ ಕಾರಣ ಬೇರೆ ಇದೆ. ಆ ಆಟದಲ್ಲಿ ಶಿಫ್ಟ್ ಹಿಡಿದರೆ ಸದ್ದಿಲ್ಲದೆ ನಡೆಯುತ್ತೇವೆ. ಟ್ಯಾಬ್ ಒತ್ತಿದರೆ ಸ್ಕೋರ್ ಪಟ್ಟಿ. ಮೆಲ್ಲಗೆ ನಡೆಯುತ್ತಾ ಎಷ್ಟು ಜನ ಉಳಿದಿದ್ದಾರೆ ಅಂತ ನೋಡುವುದು ಪ್ರತಿ ರೌಂಡಿನಲ್ಲೂ ಇದ್ದದ್ದೇ. ಎರಡೂ ಸೇರಿದರೆ ಓವರ್‌ಲೇ ತೆರೆದುಕೊಳ್ಳುತ್ತದೆ. ಆಫ್ ಮಾಡಲು ಮನಸ್ಸಿಲ್ಲದವರು ಸೆಟ್ಟಿಂಗ್ಸ್‌ನ ಅದೇ ‘ಇನ್ ಗೇಮ್’ ಪುಟದಲ್ಲಿ ಕೀ ಬದಲಿಸಿಕೊಳ್ಳಬಹುದು. ಸಿಎಸ್ 2ರಲ್ಲಿ ಗೆಳೆಯರ ಪಟ್ಟಿ ಆಟದ ಮುಖ್ಯ ಮೆನುವಿನಲ್ಲೇ ಇದೆ, ಹಾಗಾಗಿ ಓವರ್‌ಲೇ ಇಲ್ಲದೆ ನನಗೇನೂ ಕೊರತೆ ಆಗಿಲ್ಲ.

ಇನ್ನೊಂದು ಸಂದರ್ಭದಲ್ಲಿ ಆಫ್ ಮಾಡುವುದು ನಿಜಕ್ಕೂ ಉಪಯೋಗ. ಹೊಸ ಆಟ ಕೊಂಡಿರಿ, ತೆರೆದ ಕೂಡಲೇ ಕಪ್ಪು ಪರದೆ, ಅಥವಾ ಮುಚ್ಚಿಕೊಳ್ಳುತ್ತದೆ. ಮೊದಲು ಆ ಒಂದು ಆಟಕ್ಕೆ ಓವರ್‌ಲೇ ತೆಗೆದು ನೋಡಿ. ಹಳೆಯ ಆಟಗಳಲ್ಲಿ ಇದರಿಂದಲೇ ಸರಿಹೋಗುವುದುಂಟು. ಸರಿಹೋಗದಿದ್ದರೆ ಹಣ ವಾಪಸ್ ಕೇಳಬಹುದು. ಕೊಂಡು 14 ದಿನದ ಒಳಗೆ, ಆಡಿದ್ದು 2 ಗಂಟೆಗಿಂತ ಕಡಿಮೆ ಇದ್ದರೆ ಸ್ಟೀಮ್ ಕೊಡುತ್ತದೆ. ಆ ಎರಡು ಗಂಟೆ ಓಡುತ್ತಿರುತ್ತದೆ, ಹಾಗಾಗಿ ಈ ಪರೀಕ್ಷೆಯನ್ನು ಮೊದಲ ಹತ್ತು ನಿಮಿಷದಲ್ಲೇ ಮಾಡಿ.

ಇಷ್ಟು ಹೇಳಿದ ಮೇಲೆ, ಉಳಿಸಿಕೊಂಡ ಆಟಗಳಲ್ಲಿ ಓವರ್‌ಲೇ ನನಗೆ ಎಷ್ಟು ಇಷ್ಟ ಅಂತಲೂ ಹೇಳಬೇಕು. 2023ರ ಜೂನ್‌ನಲ್ಲಿ ಅದರ ರೂಪವೇ ಬದಲಾಯಿತು. ಆಗ ಬಂದ ನೋಟ್ಸ್ ನನಗೆ ದಿನಾ ಬೇಕು. ಆಟ ಬಿಟ್ಟು ಹೊರಗೆ ಹೋಗದೆ ಬರೆದುಕೊಳ್ಳಬಹುದು. ಆ ಟಿಪ್ಪಣಿಯನ್ನು ಆಟದ ಮೇಲೇ ಪಿನ್ ಮಾಡಿ, ಹಿಂದಿನದ್ದು ಕಾಣುವಷ್ಟು ತೆಳ್ಳಗೆ ಮಾಡಿಕೊಳ್ಳಬಹುದು. ಸ್ಟಾರ್‌ಡ್ಯೂ ತೋಟದಲ್ಲಿ ಯಾವ ಬೀಜ ಎಷ್ಟು ದಿನಕ್ಕೆ ಬೆಳೆಯುತ್ತದೆ, ಆಟದ ಪಾತ್ರ ಅಬಿಗೇಲ್‌ಗೆ ಅಮೆಥಿಸ್ಟ್ ಹರಳು ಉಡುಗೊರೆ ಕೊಡಬೇಕು, ಇವೆಲ್ಲ ಅದರಲ್ಲಿವೆ. ಮೊದಲು ಇದನ್ನೆಲ್ಲ ಹಳೆಯ ಕ್ಯಾಲೆಂಡರಿನ ಹಿಂದೆ ಪೆನ್ನಿನಲ್ಲಿ ಬರೆದಿಡುತ್ತಿದ್ದೆ. 2024ರ ನವೆಂಬರ್‌ನಲ್ಲಿ ಬಂದ ಗೇಮ್ ರೆಕಾರ್ಡಿಂಗ್ ನಿಂತಿರುವುದೂ ಓವರ್‌ಲೇ ಮೇಲೆಯೇ. ನಾವಾಗಿ ಆನ್ ಮಾಡಿದರಷ್ಟೇ ಅದು ಓಡುತ್ತದೆ. 8 ಜಿಬಿ ರ‍್ಯಾಮ್ ಇರುವ ನನ್ನಂಥವರು ಅದನ್ನು ಆಫ್ ಇರಲು ಬಿಡುವುದು ಒಳ್ಳೆಯದು.

ಒಂದು ಬದಲಾವಣೆ ಮಾತ್ರ ಆಗಲೇಬೇಕು ಅಂತ ನನ್ನ ಆಸೆ. ಈಗಿರುವ ಸ್ವಿಚ್ ಒಂದೇ. ಅದನ್ನು ಒತ್ತಿದರೆ ಕರೆ, ಸ್ಕ್ರೀನ್‌ಶಾಟ್, ನೋಟ್ಸ್ ಎಲ್ಲ ಒಟ್ಟಿಗೆ ಹೋಗುತ್ತವೆ. ಗೆಳೆಯರನ್ನು ಕರೆಯುವ ಪುಟ್ಟ ಕಿಟಕಿಯನ್ನಾದರೂ ಬೇರೆ ಇಡಬೇಕಿತ್ತು. ಆಟದೊಳಗಿನ ಬಟನ್ ಒತ್ತಿದಾಗ ‘ಓವರ್‌ಲೇ ಆಫ್ ಇದೆ’ ಅಂತ ಒಂದು ಸಾಲು ಬಂದಿದ್ದರೂ ಸಾಕಿತ್ತು. ಅವತ್ತು ನಾವು ರೂಟರ್ ಹಿಂದೆ ಬೀಳುತ್ತಿರಲಿಲ್ಲ. ಈಗ ತಂಗಿ ಶನಿವಾರ ಫೋನ್ ಎತ್ತಿದ ಕೂಡಲೇ ಕೇಳುವುದು, ‘ಅಣ್ಣಾ, ಓವರ್‌ಲೇ ಆನ್ ಇದೆ ತಾನೇ?’