ಕಟ್ಟು ಚೆಂದ, ಘಮ ಸಾಲದು: ಗಾಂಧಿ ಬಜಾರಿನ ಪುಟ್ಟ ಹೂಗುಚ್ಛ

ಶಿವಮೊಗ್ಗದ ಗಾಂಧಿ ಬಜಾರ್ ಕಡೆಯ ಹೂವಿನ ಅಂಗಡಿಯೊಂದು ದೊಡ್ಡ ಬೊಕೆಗಳ ಜೊತೆಗೆ ಒಂದೇ ಮುಷ್ಟಿಯಲ್ಲಿ ಹಿಡಿಯುವ ಪುಟ್ಟ ಗುಚ್ಛವನ್ನೂ ಕಟ್ಟಿಕೊಡುತ್ತಿದೆ. ಬೆಲೆ 150 ರೂಪಾಯಿ. ಇಂಗ್ಲಿಷರು ಹಿಂದೆ ಇದನ್ನು ‘ನೋಸ್‌ಗೇ’ ಎನ್ನುತ್ತಿದ್ದರು, ಅಂದರೆ ಮೂಗಿಗೆ ಹಿತವಾದ ಚೆಂದದ ವಸ್ತು. ಬೀದಿಯ ನಾತ ತಡೆಯಲಾರದೆ ಮೂಗಿಗೆ ಹಿಡಿದು ಓಡಾಡುತ್ತಿದ್ದ ಹೂವು. ಲಂಡನ್‌ನ ಓಲ್ಡ್ ಬೇಲಿ ನ್ಯಾಯಾಲಯದಲ್ಲಿ 1750ರಲ್ಲಿ ಜೈಲು ಜ್ವರ ಹರಡಿ ಲಾರ್ಡ್ ಮೇಯರ್ ಕೂಡ ತೀರಿಕೊಂಡರು. ಅಲ್ಲಿನ ನ್ಯಾಯಾಧೀಶರು ಗುಚ್ಛ ಹಿಡಿಯುವ ಪದ್ಧತಿಗೆ ಆ ಜ್ವರದ ಭಯವನ್ನೇ ಕಾರಣ ಹೇಳುತ್ತಾರೆ. ಅದು ಹೇನಿನಿಂದ ಹರಡುವ ಜ್ವರ, ಪಾಪ ಹೂವೇನು ಮಾಡೀತು!

ಮೂಗಿಗೆಂದೇ ಹುಟ್ಟಿದ ಇಂಥ ಗುಚ್ಛವನ್ನು ಕೊಳ್ಳುವ ಮೊದಲು ಮೂಸಿ ನೋಡಬೇಕು. ಈ ಅಂಗಡಿಯದು ಸೋಲುವುದು ಅಲ್ಲೇ. ಜರ್ಬೆರಾಕ್ಕೆ ವಾಸನೆಯೇ ಇಲ್ಲ, ಉದ್ದ ಕಡ್ಡಿಯ ಗುಲಾಬಿಗೆ ಇದ್ದೂ ಇಲ್ಲದಂತೆ. ನಡುವೆ ಎರಡು ಕಡ್ಡಿ ಸುಗಂಧರಾಜ ಇದೆ ನಿಜ, ಆದರೆ ಹಲವು ಸುತ್ತು ಎಸಳಿನ ಡಬಲ್ ಜಾತಿಯದು, ಘಮ ಕಡಿಮೆ. ಘಮ ಬೇಕೆಂದರೆ ಸಿಂಗಲ್ ಜಾತಿಯದನ್ನೇ ಕೇಳಿ ಹಾಕಿಸಿಕೊಳ್ಳಿ. ಅದರ ಜೊತೆಗೆ ನಾಲ್ಕೈದು ಕಡ್ಡಿ ಮರುಗ, ಸಿಕ್ಕುವ ಕಾಲದಲ್ಲಿ ದವನ. ಮಲ್ಲಿಗೆಗೆ ತೊಟ್ಟು ಗಿಡ್ಡ, ಗುಚ್ಛದಲ್ಲಿ ನಿಲ್ಲದು. ಬಾಳೆನಾರಿನಲ್ಲಿ ಒಂದು ಗೇಣು ದಂಡೆ ಕಟ್ಟಿಸಿ ಸುತ್ತಲೂ ಬಳಸಿದರೆ ಆಯಿತು.

ಕಟ್ಟುವ ಕೈ ಮಾತ್ರ ಪಳಗಿದ್ದು. ಸುಮಾರು ಇಪ್ಪತ್ತು ಕಡ್ಡಿ. ಕೆಳಗಿನ ಎಲೆ, ಮುಳ್ಳು ತೆಗೆದು, ಪ್ರತಿ ಕಡ್ಡಿಯನ್ನೂ ಹಿಂದಿನದರ ಮೇಲೆ ಒಂದೇ ದಿಕ್ಕಿಗೆ ಓರೆಯಾಗಿ ಇಟ್ಟು, ಗುಚ್ಛವನ್ನು ಎಡಗೈಯಲ್ಲಿ ತಿರುಗಿಸುತ್ತಾ ಹೋಗುತ್ತಾರೆ. ಬಿಗಿಯುವುದು ಒಂದೇ ಕಡೆ. ಕಡ್ಡಿಗಳ ತುದಿ ಸಮ ಕತ್ತರಿಸಿ ಮೇಜಿನ ಮೇಲಿಟ್ಟರೆ ಗುಚ್ಛ ತಾನೇ ನಿಲ್ಲುತ್ತದೆ. ಕಡ್ಡಿಗಳನ್ನು ನೇರ ಜೋಡಿಸಿ ಕಟ್ಟಿದ್ದು ಹೀಗೆ ನಿಲ್ಲದು. ಹೂಗಳೂ ಒಂದಕ್ಕೊಂದು ಒತ್ತಿ ನಲುಗುತ್ತವೆ.

ಹೊದಿಕೆ ಬೇಸರ ತರಿಸುತ್ತದೆ. ಹೂವಿಗೆ ನೀರು ಚಿಮುಕಿಸಿ ಮೇಲೆ ಪ್ಲಾಸ್ಟಿಕ್ ಸುತ್ತುತ್ತಾರೆ. ಮಲೆನಾಡಿನ ಮಳೆಗಾಲದಲ್ಲಿ ಆ ತೇವ ಒಳಗೇ ನಿಂತು, ಮಾರನೆಯ ದಿನಕ್ಕೆ ಎಸಳಿನ ಅಂಚು ಕಂದಿ ಬೂಷ್ಟು ಹಿಡಿಯುತ್ತದೆ. ಪ್ಲಾಸ್ಟಿಕ್ ಬೇಡವೆಂದು ಮೊದಲೇ ಹೇಳಿ. ಕಡ್ಡಿಯ ಬುಡಕ್ಕೆ ಒದ್ದೆ ಹತ್ತಿ, ಅದರ ಮೇಲೆ ಬಾಡಿಸಿದ ಬಾಳೆಎಲೆ ಸುತ್ತಿದರೆ ಸಾಗರದವರೆಗೆ ಬಸ್ಸಿನಲ್ಲಿ ನಿಶ್ಚಿಂತೆಯಾಗಿ ಒಯ್ಯಬಹುದು.

ಮನೆಯ ಡೇರೆ (ಡೇಲಿಯಾ) ಹೂವನ್ನೂ ಸೇರಿಸಿ ಕಟ್ಟಿಸುವುದಾದರೆ ಪೂರ್ತಿ ಅರಳಿದ್ದನ್ನೇ ಬೆಳಿಗ್ಗೆ ಬೇಗ ಕೊಯ್ದು ನೀರಿನಲ್ಲಿಟ್ಟು ಒಯ್ಯಿರಿ. ಕೊಯ್ದ ಮೊಗ್ಗು ಆಮೇಲೆ ಅರಳುವುದಿಲ್ಲ. ಸೀತಾಳೆ ಎಂಬ ಕಾಡು ಆರ್ಕಿಡ್ ಹೂವನ್ನು ಮಾತ್ರ ಕೇಳಬೇಡಿ, ಅದು ಕಾಡಿನ ಮರದಲ್ಲೇ ಇರಲಿ.

ಮನೆಗೆ ತಂದ ಮೇಲೆ ಕಟ್ಟು ಬಿಚ್ಚದೆ ಕಡ್ಡಿಯ ತುದಿಯನ್ನು ಅರ್ಧ ಇಂಚು ಓರೆಯಾಗಿ ಕತ್ತರಿಸಿ ಲೋಟದ ನೀರಿನಲ್ಲಿಡಿ. ನೀರು ದಿನವೂ ಬದಲಾಗಲಿ. ಪಕ್ಕದಲ್ಲಿ ಬಾಳೆಗೊನೆ ಹಣ್ಣಾಗಲು ಇಟ್ಟಿದ್ದರೆ ಲೋಟವನ್ನು ಬೇರೆ ಕೋಣೆಗೆ ಒಯ್ಯಿರಿ. ಮಾಗುವ ಹಣ್ಣಿನಿಂದ ಹೊರಡುವ ಎಥಿಲೀನ್ ಅನಿಲಕ್ಕೆ ಹೂವು ಬೇಗ ಬಾಡುತ್ತದೆ.